ಬದು ಒತ್ತುವರಿ, ಹನ್ನೆರಡು ವರ್ಷದ ಲೆಕ್ಕ: ಗ್ರೂಪ್‌ನಲ್ಲಿ ವಕೀಲರಿಗೆ ಊರೂರಿನವರ ಪ್ರಶ್ನೆ

ಶಿರಾ: ಸರ್, ಪಕ್ಕದವರ 2 ಗುಂಟೆ 14 ವರ್ಷದಿಂದ ನಾವೇ ಉಳ್ತಿದ್ದೀವಿ. 12 ವರ್ಷ ಆದ್ರೆ ಜಮೀನು ನಮ್ಮದೇ ಅಂತ ಸುಪ್ರೀಂ ಕೋರ್ಟ್ ಹೇಳಿದೆಯಂತೆ, ಮೆಸೇಜ್ ಮೇಲೆ ಹಾಕಿದ್ದೀನಿ. ಪಹಣಿಗೆ ಹೆಸರು ಏರಿಸೋಕೆ ತಹಶೀಲ್ದಾರ್‌ಗೆ ಯಾವ ಅರ್ಜಿ?

ವಕೀಲರು: ಯಾವ ಅರ್ಜಿಯೂ ಇಲ್ಲ. ಇದನ್ನು ತೀರ್ಮಾನಿಸೋದು ಸಿವಿಲ್ ಕೋರ್ಟು. 2019ರ ತೀರ್ಪು ಹೇಳಿದ್ದು, ಪ್ರತಿಕೂಲ ಸ್ವಾಧೀನವನ್ನು (ಬೇರೆಯವರ ಜಮೀನನ್ನ ವರ್ಷಗಟ್ಟಲೆ ಹಿಡಿದಿಟ್ಟುಕೊಂಡು ಪಡೆಯೋ ಹಕ್ಕನ್ನು) ಪ್ರತಿವಾದಿ ಮಾತ್ರ ಅಲ್ಲ, ವಾದಿಯಾಗಿಯೂ ಕೇಳಬಹುದು ಅಂತ. ಉತ್ತರೆ ಸಾಕು ಅಂದಿಲ್ಲ. ಎಲ್ಲರ ಕಣ್ಣೆದುರು, ಬಿಡುವಿಲ್ಲದೆ, "ನಿನ್ನದಾದರೂ ಬಿಡಲ್ಲ" ಅನ್ನೋ ಹಾಗೆ ಇದ್ದಿರಬೇಕು. ಯಾವತ್ತಿನಿಂದ ಅಂತ ರುಜುವಾತು ಮಾಡೋ ಹೊರೆಯೂ ನಿಮ್ಮದೇ.

ತಿಪಟೂರು: ಹದ್ದುಬಸ್ತು (ಗಡಿ ಅಳತೆ) ಮಾಡಿಸಿದಾಗ ನಮ್ಮ ತೆಂಗಿನ ತೋಟದ 3 ಗುಂಟೆ ಪಕ್ಕದವರ ಕಡೆ ಸೇರಿರೋದು ಗೊತ್ತಾಯ್ತು. 2014ರಲ್ಲಿ ಊರ ಪಂಚಾಯ್ತಿಲಿ "ಅಳತೆ ಆದಮೇಲೆ ಬಿಟ್ಟುಕೊಡ್ತೀನಿ" ಅಂತ ಚೀಟಿ ಬರೆದು ಸಹಿ ಹಾಕಿದ್ರು. 2015ರ ಯುಗಾದಿ ಕಳೆದ ಮೇಲೆ ಕಲ್ಲುಕಂಬ ನೆಟ್ಟು ತಂತಿ ಎಳೆದು, ಬಿಡಲ್ಲ ಅಂದ್ರು. ನೋಟಿಸ್ ಕೊಟ್ರೆ "ನಮ್ಮ ಕ್ರಯದಲ್ಲೇ ಇದೆ, ಇಲ್ಲದಿದ್ರೂ 20 ವರ್ಷ ಆಯ್ತು" ಅಂತ ಉತ್ತರ.

ವಕೀಲರು: ಇದು ತಡ ಮಾಡೋ ಕೇಸಲ್ಲ. ಚೀಟಿ ಬರೆದಾಗ ಅವರು ನಿಮ್ಮ ಹಕ್ಕು ಒಪ್ಪಿದ್ದಾರೆ. ಅವರ ಮಾತೇ ಹಿಡಿದರೂ ಆಗ 12 ತುಂಬಿರಲಿಲ್ಲ, ಹಾಗಾಗಿ ಹಳೇ ವರ್ಷ ಸೇರಿಸಿಕೊಳ್ಳೋದು ಅವರಿಗೆ ಕಷ್ಟ. ನನಗೆ ಭಯ 2015ರ ಬೇಲಿದು. ಕಾಲಮಿತಿ ಕಾಯ್ದೆ 1963ರ 65ನೇ ವಿಧಿ ಪ್ರಕಾರ ಲೆಕ್ಕ ಅಲ್ಲಿಂದ ಶುರು. 12 ತುಂಬಿದ್ರೆ 27ನೇ ಕಲಮಿನಡಿ ನಿಮ್ಮ ಹಕ್ಕೇ ಹೋಗುತ್ತೆ. ನೋಟಿಸು, ಪೊಲೀಸ್ ದೂರು, ಹದ್ದುಬಸ್ತು ವರದಿ ಯಾವುದೂ ಈ ಲೆಕ್ಕ ನಿಲ್ಲಿಸಲ್ಲ. 2027ರ ಯುಗಾದಿ ತನಕ ಟೈಮಿದೆ ಅಂತ ಕೂರಬೇಡಿ, ದಾವೆ ಹಾಕಿ.

ಬರೀ ತಡೆಯಾಜ್ಞೆ ಕೇಳಿದ್ರೆ ಪ್ರಯೋಜನ ಇಲ್ಲ, ಜಾಗ ಅವರ ಕೈಲಿದೆ. ಹಕ್ಕು ಘೋಷಣೆ, ಸ್ವಾಧೀನ ಎರಡೂ ಕೇಳಿ. ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆದೇಶ 26 ನಿಯಮ 9ರಲ್ಲಿ, ಸ್ಥಳ ನೋಡಿ ಕೋರ್ಟಿಗೆ ವರದಿ ಕೊಡೋ ಕಮಿಷನರ್ ನೇಮಕಕ್ಕೆ ಅರ್ಜಿ ಹಾಕಿ, ಎರಡೂ ಸರ್ವೆ ನಂಬರ್ ಅಳೆಸಿ. ನಿಮ್ಮದೊಂದೇ ಅಳೆದ್ರೆ ಎದುರು ವಕೀಲರು ಅದನ್ನೇ ಹಿಡೀತಾರೆ. ಸರ್ವೆ ಇಲಾಖೆಯ ಹಳೇ ಅಳತೆ ದಾಖಲೆಗಳಾದ ಟಿಪ್ಪಣಿ, ಆಕಾರಬಂದ್ ನಕಲು ತೆಗೆಸಿಡಿ. 9 ಸರಪಳಿ, ಅಂದ್ರೆ 297 ಅಡಿ ಉದ್ದದ ಬದು 11 ಅಡಿ ಸರಿದ್ರೆ ಸರಿಯಾಗಿ 3 ಗುಂಟೆ. ಒಂದು ಸಾಲು ತೆಂಗು ಆ ಪಟ್ಟಿಲಿದ್ರೆ ಮರದ ವಯಸ್ಸನ್ನೂ ವರದಿಲಿ ಬರೆಸಿ. ಗರಿ ಉದುರಿದ ಗುರುತು ವರ್ಷಕ್ಕೆ ಹೆಚ್ಚೂಕಮ್ಮಿ ಹನ್ನೆರಡು ಬೀಳುತ್ತೆ. "ಕ್ರಯದಲ್ಲೇ ಇದೆ" ಅನ್ನೋನು ಅದೇ ಬಾಯಲ್ಲಿ "ನಿನ್ನ ಜಮೀನನ್ನ ದಕ್ಕಿಸಿಕೊಂಡೆ" ಅನ್ನೋಕಾಗಲ್ಲ. ನಿಮಗಿರೋ ಒಳ್ಳೇ ಹಿಡಿತ ಅದೇ.

ಗುಬ್ಬಿ: ಅಣ್ಣನ ಭಾಗ 15 ವರ್ಷದಿಂದ ನಾವೇ ಮಾಡ್ತಿದ್ದೀವಿ, 12 ದಾಟಿದೆ.

ವಕೀಲರು: ಭಾಗ ಆಗಿಲ್ವಾ? ಹಾಗಿದ್ರೆ ಆಗಲ್ಲ. ಒಬ್ಬ ಉತ್ತರೆ ಎಲ್ಲರ ಪರವಾಗಿ ಉತ್ತ ಹಾಗೆ.

ಕೊರಟಗೆರೆ: ಗೋಮಾಳಕ್ಕೂ 12 ವರ್ಷನಾ? ಸಕ್ರಮಕ್ಕೆ ಫಾರಂ 57 ಹಾಕಿದ್ದೀವಿ.

ವಕೀಲರು: 30. ಸಕ್ರಮ ಮಾಡಿ ಅಂತ ಅರ್ಜಿ ಹಾಕಿದ್ದೀರಿ, ಅಂದ್ರೆ ಸರ್ಕಾರದ್ದು ಅಂತ ನೀವೇ ಬರೆದುಕೊಟ್ಟಿದ್ದೀರಿ.

ಮಧುಗಿರಿ: ತಿಪಟೂರಿನವ್ರೇ, ಇಷ್ಟೆಲ್ಲ ಯಾಕೆ? ಜೆಸಿಬಿ ತರಿಸಿ ಒಂದೇ ರಾತ್ರಿಲಿ ಬೇಲಿ ಕೀಳಿಸಿ. ವೀಡಿಯೊ ಫಾರ್ವರ್ಡ್ ಮಾಡಿದ್ದೀನಿ.

ವಕೀಲರು: ಆ ವೀಡಿಯೊ ಅಳಿಸಿ. ನಿರ್ದಿಷ್ಟ ಪರಿಹಾರ ಕಾಯ್ದೆ 6ನೇ ಕಲಮಿನಲ್ಲಿ ಅವನು 6 ತಿಂಗಳೊಳಗೆ ದಾವೆ ಹಾಕಿ ಜಾಗ ವಾಪಸ್ ತಗೋತಾನೆ. ಹಕ್ಕು ಯಾರದ್ದು ಅಂತ ಅಲ್ಲಿ ಕೇಳೋದೇ ಇಲ್ಲ. ಜೊತೆಗೆ ಕ್ರಿಮಿನಲ್ ಕೇಸು.

ಪಾವಗಡ: ಬಿ ಖರಾಬಿನ (ಸಾರ್ವಜನಿಕ ಬಳಕೆಗೆ ಬಿಟ್ಟ ಜಾಗದ) ದಾರಿಗೆ ಪಕ್ಕದವರು ಬೇಲಿ ಹಾಕಿದ್ದಾರೆ, ಯಾರಿಗೆ ದೂರು?

ಕುಣಿಗಲ್: ಸರ್ವೇಯರ್ ಬಾಂದು ಕಲ್ಲು ನೆಟ್ಟರೆ ಮುಗೀತು, ಕೋರ್ಟ್ ಯಾಕೆ?

ಮಧುಗಿರಿ: ಸರ್ವೇಯರ್ ಗೆರೆ ತೋರಿಸ್ತಾನೆ, ಎತ್ತಂಗಡಿ ಮಾಡಲ್ಲ ಕಣ್ರೀ.

ಕುಣಿಗಲ್: ರಾತ್ರಿ ಜೆಸಿಬಿ ಓಡಿಸೋರು ಕಾನೂನು ಹೇಳ್ತಾವ್ರೆ.

ಮಧುಗಿರಿ: ಕಲ್ಲು ಕಿತ್ತು ಎಸೆದ್ರೆ ನಿಮ್ಮ ಸರ್ವೇಯರ್ ಬಂದು ಕಾಯ್ತಾನಾ?

ಕುಣಿಗಲ್: ಬಾಯಿ ಬಿಗಿ ಹಿಡಿದು ಮಾತಾಡಿ.

ಪಾವಗಡ: ಬಿ ಖರಾಬು ಕೇಳಿದ್ದೆ...

ತಿಪಟೂರು: ಸರ್, ಚೀಟಿದು ಜೆರಾಕ್ಸ್ ಮಾತ್ರ ಇದೆ. ಮೂಲ ಪಂಚಾಯ್ತಿ ಮಾಡಿದ ಹಿರಿಯರ ಮನೇಲಿ.

ವಕೀಲರು: ಇವತ್ತೇ ಹೋಗಿ ತನ್ನಿ. ಸಾಕ್ಷಿ ಹಾಕಿದವರಲ್ಲಿ ಯಾರ್ಯಾರು ಬದುಕಿದ್ದಾರೆ ಅಂತಲೂ ಬರೆದುಕೊಳ್ಳಿ.

ಶಿರಾ: ಸರ್, ಪಹಣಿ ಅರ್ಜಿ ನಮೂನೆ ಇದ್ರೆ ಗ್ರೂಪ್‌ಗೆ ಹಾಕಿ.