‘ಐಡೆಂಟಿಟಿ’ಗೆ ಅಸ್ಮಿತೆಯೋ, ತನ್ನತನವೋ, ಗುರುತೋ?

ಎಲ್ಲರಿಗೂ ನಮಸ್ಕಾರ.

ದಾವಣಗೆರೆಯಲ್ಲಿ ಬಿ.ಎಡ್. ವಿದ್ಯಾರ್ಥಿಗಳಿಗೆ ಮನಶ್ಶಾಸ್ತ್ರ ಹೇಳಿಕೊಡುತ್ತೇನೆ. ಮನಶ್ಶಾಸ್ತ್ರಜ್ಞ ಎರಿಕ್ ಎರಿಕ್‌ಸನ್ ಪಾಠಕ್ಕೆ ಕನ್ನಡದಲ್ಲಿ ನೋಟ್ಸ್ ಬರೆಯಲು ಕೂತು, ಒಂದೇ ಪದದ ಹತ್ತಿರ ಎರಡು ದಿನದಿಂದ ಸಿಕ್ಕಿಹಾಕಿಕೊಂಡಿದ್ದೇನೆ.

ವ್ಯಕ್ತಿತ್ವ ಬಾಲ್ಯಕ್ಕೇ ಮುಗಿಯುವುದಿಲ್ಲ, ಹುಟ್ಟಿನಿಂದ ಮುಪ್ಪಿನವರೆಗೆ ಎಂಟು ಹಂತಗಳಲ್ಲಿ ಬೆಳೆಯುತ್ತದೆ ಎಂದು ಎರಿಕ್‌ಸನ್ 1950ರಲ್ಲಿ ಬರೆದರು. ಒಂದೊಂದು ಹಂತದಲ್ಲೂ ಒಂದೊಂದು ಜಗ್ಗಾಟ. ಕೂಸಿಗೆ ನಂಬಿಕೆ-ಅಪನಂಬಿಕೆಯದು. ಐದನೆಯದು ಹರೆಯದ್ದು, ಹೆಚ್ಚುಕಡಿಮೆ 12ರಿಂದ 18. ಅಲ್ಲಿ ಬರುವುದೇ ಈ ಐಡೆಂಟಿಟಿ, ಅಂದರೆ ‘ನಾನು ಯಾರು’ ಎಂಬುದಕ್ಕೆ ಕಂಡುಕೊಳ್ಳುವ ಉತ್ತರ.

ಪುಸ್ತಕಗಳಲ್ಲಿ ‘ಅಸ್ಮಿತೆ’ ಎಂದಿರುತ್ತದೆ. ನನಗದು ಹಿಡಿಸಿಲ್ಲ. ಸಂಸ್ಕೃತದ ‘ಅಸ್ಮಿ’, ಅಂದರೆ ‘ಇದ್ದೇನೆ’ ಎಂಬುದರಿಂದ ಬಂದ ಪದ. ಪತಂಜಲಿಯ ಯೋಗಸೂತ್ರದಲ್ಲಿ ಅಸ್ಮಿತೆ ಐದು ಕ್ಲೇಶಗಳಲ್ಲಿ ಒಂದು, ಕಳೆದುಕೊಳ್ಳಬೇಕಾದದ್ದು! ಎರಿಕ್‌ಸನ್ ಪ್ರಕಾರ ಗಳಿಸಿಕೊಳ್ಳಬೇಕಾದದ್ದು. ಈಗಂತೂ ಆ ಪದ ಭಾಷಣಗಳಲ್ಲೇ ಜಾಸ್ತಿ. ಹದಿನಾರರ ಹುಡುಗನಿಗೆ ‘ನಿನ್ನ ಅಸ್ಮಿತೆ ಏನಪ್ಪಾ’ ಅಂದರೆ ಸುಮ್ನೆ ನಗುತ್ತಾನೆ.

‘ತನ್ನತನ’ ಚೆನ್ನಾಗಿದೆ. ಆದರೆ ‘ತನ್ನತನ ಬಿಟ್ಟುಕೊಡಲಿಲ್ಲ’ ಅನ್ನುವಾಗ ಅದು ಮೊದಲಿಂದಲೂ ಇದ್ದದ್ದು ಅನಿಸುತ್ತದೆ. ಬೆಳೆಯುವ ಅರ್ಥ ಬರುವುದಿಲ್ಲ, ಅಲ್ವಾ?

ಮೊನ್ನೆ ಅಕ್ಕನ ಮಗನ ಜೊತೆ ಮಂಡಕ್ಕಿ-ಮೆಣಸಿನಕಾಯಿ ತಿನ್ನುತ್ತಿದ್ದೆ. ಪಿಯುಸಿ ಹುಡುಗ. ಪಕ್ಕದಲ್ಲಿದ್ದ ಅಜ್ಜ, “ಯಾರ ಪೈಕಿ ತಮ್ಮಾ ನೀನು?” ಎಂದರು. ಅಪ್ಪನ ಹೆಸರು ಹೇಳಿದ. ಹೊಳೆಯಲಿಲ್ಲ. ತಾತನ ಹೆಸರು ಹೇಳಿದ ಮೇಲೆ, “ಓ, ಅವ್ರ ಮೊಮ್ಮಗನಾ! ಗುರುತೇ ಸಿಗ್ಲಿಲ್ಲ ನೋಡು” ಎಂದು ತಮ್ಮದೊಂದು ಮೆಣಸಿನಕಾಯಿ ಅವನ ಪೇಪರಿಗೆ ಹಾಕಿದರು. ಹುಡುಗ ಅದನ್ನು ಮುಟ್ಟಲಿಲ್ಲ. “ಅಜ್ಜಾ, ನಾನು ಕಬಡ್ಡಿ ಆಡ್ತೀನಿ” ಎಂದ.

ಎರಿಕ್‌ಸನ್ ಹೇಳುವುದರಲ್ಲೂ ಈ ಎರಡೂ ಇವೆ: ತಾನು ತನ್ನನ್ನು ಕಾಣುವುದು, ಅದನ್ನು ನಾಲ್ಕು ಜನ ಒಪ್ಪುವುದು. ‘ಯಾರ ಪೈಕಿ’ ಅಂದರೆ ಪಾಪ, ಎರಿಕ್‌ಸನ್ ಹತ್ತಿರವೇ ಉತ್ತರ ಇರಲಿಲ್ಲ. ಹೆತ್ತ ತಂದೆ ಯಾರೆಂದು ಅವರಿಗೆ ಕೊನೆಗೂ ತಿಳಿಯಲಿಲ್ಲ. ಮಲತಂದೆಯ ಹೋಂಬರ್ಗರ್ ಎಂಬ ಹೆಸರಿನಲ್ಲಿ ಬೆಳೆದರು. ಅಮೆರಿಕದ ಪೌರರಾದಾಗ ಎರಿಕ್‌ಸನ್ ಎಂದು ತಾವೇ ಇಟ್ಟುಕೊಂಡರು.

ಅಜ್ಜ ಆಡಿದ ‘ಗುರುತು’ ಪದದಲ್ಲಿ ತಾನು ಕಾಣುವುದೂ ಇದೆ, ನಾಲ್ಕು ಜನ ಒಪ್ಪುವುದೂ ಇದೆ. ಹಾಗಾಗಿ ನನ್ನ ಓಟು ಅದಕ್ಕೆ. ತೊಡಕು ಒಂದೇ, ಗುರುತು ಅಂದರೆ ಮಕ್ಕಳಿಗೆ ಗುರುತಿನ ಚೀಟಿ ನೆನಪಾಗುತ್ತದೆ. ‘ತನ್ನ ಗುರುತು’ ಅಂದರೆ ಸರಿಹೋದೀತಾ?

ಇನ್ನೊಂದು ಪದವೂ ಕಾಡುತ್ತಿದೆ. ಏಳನೇ ಹಂತದ, ನಡುವಯಸ್ಸಿನ ‘ಜನರೇಟಿವಿಟಿ’, ಅಂದರೆ ಮುಂದಿನ ತಲೆಮಾರಿಗೆ ಏನಾದರೂ ಬೆಳೆಸಿಕೊಡುವ ಹಂಬಲ. ‘ಉತ್ಪಾದಕತೆ’ ಅಂದರೆ ಕಾರ್ಖಾನೆ ಕಣ್ಣಮುಂದೆ ಬರುತ್ತದೆ. ಚನ್ನಗಿರಿ ಕಡೆ ನಮ್ಮ ದೊಡ್ಡಪ್ಪ ಅರವತ್ತು ದಾಟಿದ ಮೇಲೆ ಹೊಸದಾಗಿ ಅಡಿಕೆ ಸಸಿ ಇಟ್ಟರು. ಫಲಕ್ಕೆ ಐದಾರು ವರ್ಷ ಕಾಯಬೇಕು. ಕೇಳಿದ್ದಕ್ಕೆ “ನನಗಲ್ಲಪ್ಪಾ, ಹುಡುಗ್ರಿಗೆ” ಅಂದರು. ಇದಕ್ಕೆ ನಿಮ್ಮ ಕಡೆ ಒಂದೇ ಪದದಲ್ಲಿ ಏನಂತೀರಿ? ಬುಧವಾರ ನೋಟ್ಸ್ ಜೆರಾಕ್ಸಿಗೆ ಹೋಗುತ್ತದೆ.