ಸ್ವಂತ ಪಂದ್ಯಗಳನ್ನು ರೆಕಾರ್ಡ್ ಮಾಡಿಟ್ಟಿದ್ದೇನೆ; ಅವುಗಳಲ್ಲಿ ಏನನ್ನು ನೋಡಬೇಕು?

ತುಂಗಾತೀರ ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ನಾನು ಎರಡು ವರ್ಷಗಳಿಂದ ಐವರ ಎರಡು ತಂಡಗಳು ಗುಂಡಿನ ಕಾಳಗ ನಡೆಸುವ ಕೌಂಟರ್-ಸ್ಟ್ರೈಕ್ 2 ಎಂಬ ಕಂಪ್ಯೂಟರ್ ಆಟವನ್ನು ಆಡುತ್ತಿದ್ದೇನೆ. ಕಳೆದ ಆರು ತಿಂಗಳಿನಿಂದ ಪ್ರೀಮಿಯರ್ ಎಂಬ ಸ್ಪರ್ಧಾ ವಿಭಾಗದ ನನ್ನ ರೇಟಿಂಗ್ 8,500 ಮತ್ತು 9,500ರ ನಡುವೆಯೇ ಓಲಾಡುತ್ತಿದ್ದು, 10,000 ದಾಟಿ ತಿಳಿನೀಲಿಯಿಂದ ನೀಲಿ ಬಣ್ಣಕ್ಕೆ ಹೋಗುವುದು ಕೈಗೆಟುಕುವಷ್ಟು ಹತ್ತಿರ ಕಂಡರೂ ಸಾಧ್ಯವಾಗುತ್ತಿಲ್ಲ. ದಿನಕ್ಕೆ ಅರ್ಧ ಗಂಟೆ ಗುರಿಯ ಅಭ್ಯಾಸ ಮಾಡುತ್ತೇನೆ. ಆಟದ ರಣಾಂಗಣಗಳಾದ ಮಿರಾಜ್ ಮತ್ತು ಇನ್‌ಫರ್ನೊ ಮ್ಯಾಪ್‌ಗಳಲ್ಲಿ ಎಸೆಯಬೇಕಾದ ಹೊಗೆ ಬಾಂಬ್‌ಗಳಾದ ಸ್ಮೋಕ್‌ಗಳನ್ನು ಮಗ್ಗಿಯಂತೆ ಬಾಯಿಪಾಠ ಮಾಡಿಕೊಂಡಿದ್ದೇನೆ.

ಆಡಿದ್ದನ್ನು ರೆಕಾರ್ಡ್ ಮಾಡಿ ನೋಡಿದರೆ ತಪ್ಪುಗಳು ತಾವಾಗಿಯೇ ತಿಳಿಯುತ್ತವೆ ಎಂದು ಗೆಳೆಯರೊಬ್ಬರು ಹೇಳಿದ ಮೇಲೆ ಪರದೆಯನ್ನು ರೆಕಾರ್ಡ್ ಮಾಡುವ ಒಬಿಎಸ್ ಸ್ಟುಡಿಯೊ ತಂತ್ರಾಂಶ ಹಾಕಿಕೊಂಡು ಒಂದು ತಿಂಗಳಲ್ಲಿ 23 ಪಂದ್ಯಗಳನ್ನು ಉಳಿಸಿದ್ದೇನೆ. ಅವುಗಳಲ್ಲಿ ಪೂರ್ತಿ ನೋಡಿದ್ದು ಎರಡನ್ನು ಮಾತ್ರ. ಮೊದಲನೆಯದರಲ್ಲಿ ನಾನು ಚೆನ್ನಾಗಿ ಹೊಡೆದ ಜಾಗಗಳನ್ನೇ ಮತ್ತೆ ಮತ್ತೆ ಹಿಂದಕ್ಕೆ ಎಳೆದು ನೋಡಿದೆ. ಎರಡನೆಯದರಲ್ಲಿ ತಂಡದ ಉಳಿದ ನಾಲ್ವರ ತಪ್ಪುಗಳೇ ಕಣ್ಣಿಗೆ ಬಿದ್ದವು. ನನ್ನ ತಪ್ಪು ಏನೆಂಬುದು ಮಾತ್ರ ಗೊತ್ತಾಗಲಿಲ್ಲ.

ತೊಂದರೆ ಇನ್ನೂ ಇದೆ. ಒಂದೊಂದು ಕಡತವೂ ಸುಮಾರು 6 ಜಿಬಿ ಆಗುವುದರಿಂದ ಲ್ಯಾಪ್‌ಟಾಪ್‌ನ 512 ಜಿಬಿ ಡಿಸ್ಕ್ ತುಂಬುತ್ತಾ ಬಂದಿದೆ, ರೆಕಾರ್ಡಿಂಗ್ ನಡೆಯುವಾಗ ಆಟವೂ ತಡವರಿಸುತ್ತದೆ. ಗ್ರಾಫಿಕ್ಸ್ ಕಾರ್ಡ್ ಜಿಟಿಎಕ್ಸ್ 1650. ವಿಡಿಯೊ ಬಿಟ್ಟು ಆಟವೇ ಕೊಡುವ ಡೆಮೊ ಕಡತಗಳನ್ನು ಬಳಸುವುದು ಸಾಕೇ? ನಲವತ್ತು ನಿಮಿಷದ ಪಂದ್ಯವನ್ನು ಮತ್ತೆ ನಲವತ್ತು ನಿಮಿಷ ಕೂತು ನೋಡುವ ತಾಳ್ಮೆ ಇಲ್ಲದವನು ಯಾವ ಭಾಗವನ್ನು ನೋಡಬೇಕು? ಅನುಭವಿಗಳು ದಯವಿಟ್ಟು ತಿಳಿಸಿ.

ಹಳೇ ಸೈಬರ್ ಉತ್ತರ:

ತುಂಗಾತೀರ ಅವರೇ, ಮೊದಲು ಯಂತ್ರದ ಮಾತನ್ನು ಮುಗಿಸಿಬಿಡೋಣ, ಏಕೆಂದರೆ ಅದು ಸುಲಭ. ಆಟ ತಡವರಿಸುತ್ತಿದೆ ಎಂದರೆ ನಿಮ್ಮ ಒಬಿಎಸ್ ಬಹುಶಃ ವಿಡಿಯೊವನ್ನು ಕುಗ್ಗಿಸಿ ಕಡತವಾಗಿಸುವ ಎಕ್ಸ್264 ಎನ್‌ಕೋಡರ್‌ನಲ್ಲಿ ಓಡುತ್ತಿದೆ. ಅದು ಆಟಕ್ಕೆ ಬೇಕಾದ ಪ್ರೊಸೆಸರ್ ಶಕ್ತಿಯನ್ನೇ ತಿನ್ನುತ್ತದೆ. ನಿಮ್ಮ ಕಾರ್ಡ್‌ನಲ್ಲಿ ವಿಡಿಯೊ ಎನ್‌ಕೋಡ್ ಮಾಡಲೆಂದೇ ಪ್ರತ್ಯೇಕ ಭಾಗವಿರುವುದರಿಂದ, ಅದನ್ನು ಬಳಸುವ ಎನ್‌ವಿಎನ್‌ಸಿ (NVENC) ಆಯ್ದುಕೊಳ್ಳಿ. ಕಡತ 6 ಜಿಬಿ ಆಗುತ್ತಿದ್ದರೆ ಬಿಟ್‌ರೇಟ್ ಸೆಕೆಂಡಿಗೆ 20,000 ಕಿಲೋಬಿಟ್‌ಗಳ ಆಸುಪಾಸಿನಲ್ಲಿ ಇರಬೇಕು. ಇದು ಯಾರಿಗೂ ತೋರಿಸುವ ವಿಡಿಯೊ ಅಲ್ಲವಾದ್ದರಿಂದ 720ಪಿ ಅಳತೆ ಮತ್ತು 6,000 ಬಿಟ್‌ರೇಟ್ ಸಾಕು; ಆಗ ನಿಮಿಷಕ್ಕೆ 45 ಎಂಬಿಯಂತೆ ನಲವತ್ತು ನಿಮಿಷಕ್ಕೆ ಸುಮಾರು 1.8 ಜಿಬಿ ಆಗುತ್ತದೆ. ಕಡತವನ್ನು ಎಂಕೆವಿ ರೂಪದಲ್ಲಿ ಉಳಿಸಿ. ನಡುವೆ ಕರೆಂಟ್ ಹೋದರೂ ಅಲ್ಲಿಯವರೆಗಿನ ಭಾಗ ಉಳಿಯುತ್ತದೆ, ಎಂಪಿ4 ಆದರೆ ಇಡೀ ಕಡತವೇ ತೆರೆಯದೆ ಹೋಗಬಹುದು.

ಇನ್ನು ಡೆಮೊ ಮತ್ತು ವಿಡಿಯೊ. ಡೆಮೊ ಎಂಬುದು ಚಿತ್ರವಲ್ಲ, ಸರ್ವರ್ ಬರೆದಿಟ್ಟ ದಾಖಲೆ. ಯಾರು ಯಾವ ಗಳಿಗೆಯಲ್ಲಿ ಎಲ್ಲಿ ನಿಂತಿದ್ದರು, ಏನು ಎಸೆದರು ಎಂಬುದನ್ನು ನಿಮ್ಮ ಕಂಪ್ಯೂಟರ್ ಆಟವನ್ನೇ ಓಡಿಸಿ ಮತ್ತೆ ಕಟ್ಟಿ ತೋರಿಸುತ್ತದೆ. ಆದ್ದರಿಂದ ಎದುರಾಳಿಯ ಕಣ್ಣಿನಿಂದಲೂ ಪಂದ್ಯವನ್ನು ನೋಡಬಹುದು, ನಿಧಾನಗೊಳಿಸಬಹುದು, ಬೇಕಾದ ಸುತ್ತಿಗೆ ನೇರವಾಗಿ ಹಾರಬಹುದು. ಆದರೆ ಆ ಹೊತ್ತಿನಲ್ಲಿ ನಿಮ್ಮ ಪರದೆಯ ಮೇಲೆ ನಿಜವಾಗಿ ಏನಿತ್ತು, ನೀವು ಅಂಕಪಟ್ಟಿ ತೆರೆದು ನೋಡುತ್ತಿದ್ದಿರೋ, ಫ್ರೇಮ್‌ಗಳು ಬಿದ್ದವೋ ಎಂಬುದು ವಿಡಿಯೊದಲ್ಲಿ ಮಾತ್ರ ಸಿಗುತ್ತದೆ. ನಾನು ಎರಡನ್ನೂ ಇಟ್ಟುಕೊಳ್ಳುತ್ತೇನೆ, ನೋಡುವುದು ಹೆಚ್ಚಾಗಿ ಡೆಮೊವನ್ನೇ. ನಾವು ಸೈಬರ್ ಸೆಂಟರಿನಲ್ಲಿ ಹಳೆಯ ಕೌಂಟರ್-ಸ್ಟ್ರೈಕ್ 1.6 ಆಡುತ್ತಿದ್ದಾಗ ಆಜ್ಞೆ ಬರೆಯುವ ಕನ್ಸೋಲ್ ತೆರೆದು ರೆಕಾರ್ಡ್ ಎಂದು ಟೈಪ್ ಮಾಡಿ ಡೆಮೊ ಉಳಿಸುತ್ತಿದ್ದೆವು. ಗಂಟೆಯ ಲೆಕ್ಕದಲ್ಲಿ ದುಡ್ಡು ಕೊಟ್ಟಿದ್ದರಿಂದ ಅಲ್ಲಿ ಕೂತು ನೋಡುವ ಐಷಾರಾಮ ಇರಲಿಲ್ಲ.

ಈಗ ನಿಮ್ಮ ನಿಜವಾದ ಪ್ರಶ್ನೆಗೆ ಬರುತ್ತೇನೆ. ಪಂದ್ಯವನ್ನು ಪೂರ್ತಿ ನೋಡಬೇಡಿ. ನೀವು ಸತ್ತ ಜಾಗಗಳನ್ನು ಮಾತ್ರ ತೆರೆಯಿರಿ, ಅದರಲ್ಲಿಯೂ ಗುಂಡು ತಗುಲಿದ ಕ್ಷಣವನ್ನು ಬಿಟ್ಟು ಅದಕ್ಕಿಂತ ಹಿಂದಿನ ಇಪ್ಪತ್ತು ಸೆಕೆಂಡುಗಳನ್ನು ನೋಡಿ. ಕಣ್ಣಿಗೆ ಕಂಡದ್ದಕ್ಕೆ ಕೈ ಸ್ಪಂದಿಸಲು ಯಾರಿಗಾದರೂ ಸೆಕೆಂಡಿನ ಐದನೆಯ ಒಂದು ಭಾಗದಷ್ಟು ಹೊತ್ತು ಬೇಕೇ ಬೇಕು; ಎದುರಾಳಿ ಮೊದಲೇ ಗುರಿಯಿಟ್ಟು ಕಾಯುತ್ತಿದ್ದ ಮೂಲೆಗೆ ನೀವು ಕಾಲಿಟ್ಟ ಮೇಲೆ ನಿಮ್ಮ ಅರ್ಧ ಗಂಟೆಯ ಅಭ್ಯಾಸಕ್ಕೆ ಕೆಲಸವೇ ಉಳಿದಿರುವುದಿಲ್ಲ. ಆ ಮೂಲೆಗೆ ಹೋಗಲು ನೀವು ಯಾವಾಗ, ಏನನ್ನು ನಂಬಿ ತೀರ್ಮಾನಿಸಿದಿರಿ ಎಂಬುದನ್ನು ಹುಡುಕಬೇಕು.

ಹಾಗೆ ನೋಡುವಾಗ ಎಕ್ಸ್-ರೇ ಆಫ್ ಮಾಡಿಕೊಳ್ಳಿ. ಇದನ್ನು ಎಷ್ಟು ಸಲ ಹೇಳಿದರೂ ಕಡಿಮೆಯೇ. ಗೋಡೆಯಾಚೆಗಿನ ಎದುರಾಳಿಗಳ ಆಕೃತಿ ಕಾಣುತ್ತಿದ್ದರೆ ಪ್ರತಿಯೊಂದು ಸಾವೂ ಮೂರ್ಖತನವಾಗಿ ತೋರುತ್ತದೆ, ‘ಅಯ್ಯೋ, ಅಲ್ಲೇ ನಿಂತಿದ್ದನಲ್ಲ’ ಎಂದು ಹಣೆ ಚಚ್ಚಿಕೊಂಡು ಮುಂದಿನ ಸುತ್ತಿಗೆ ಹೋಗುತ್ತೇವೆ, ಕಲಿಯುವುದು ಏನೂ ಇರುವುದಿಲ್ಲ. ಆ ಕ್ಷಣದಲ್ಲಿ ನಿಮಗೆ ಗೊತ್ತಿದ್ದದ್ದೆಷ್ಟು, ಗೊತ್ತಿರಬಹುದಾಗಿದ್ದದ್ದೆಷ್ಟು ಎಂದು ಕೇಳಿಕೊಳ್ಳಿ. ಐದು ಸೆಕೆಂಡು ಮೊದಲು ರಾಡಾರ್‌ನಲ್ಲಿ ಏನಿತ್ತು? ಹೆಜ್ಜೆ ಸಪ್ಪಳ ಕೇಳಿತ್ತೇ? ಕನೆಕ್ಟರ್ ಎಂಬ ಹಾದಿಯನ್ನು ಕಾಯುತ್ತಿದ್ದ ಜೊತೆಗಾರ ಸತ್ತು ಎಷ್ಟು ಹೊತ್ತಾಗಿತ್ತು? ಗೊತ್ತಿರಲು ಸಾಧ್ಯವೇ ಇರಲಿಲ್ಲವೆಂದಾದರೆ ಅದು ತಪ್ಪಲ್ಲ, ಬಿಟ್ಟು ಮುಂದೆ ಹೋಗಿ.

ನನ್ನದೇ ಉದಾಹರಣೆ ಕೊಡುತ್ತೇನೆ. ಕಳೆದ ವರ್ಷ ಮಿರಾಜ್‌ನಲ್ಲಿ ಬಾಂಬ್ ಇಡುವ ಜಾಗವಾದ ಎ ಸೈಟ್ ಕಾಯುತ್ತಿದ್ದ ಮೂರು ಪಂದ್ಯಗಳ ಡೆಮೊ ತೆರೆಯುವ ಮುನ್ನ, ಏಕೆ ಸತ್ತೆ ಎಂದು ನೆನಪಿನಿಂದ ಬರೆದುಕೊಂಡೆ: ‘ಗುರಿ ತಪ್ಪಿತು’, ‘ಜೊತೆಗಾರ ಫ್ಲ್ಯಾಶ್ (ಕಣ್ಣು ಕೋರೈಸುವ ಬಾಂಬ್) ಎಸೆಯಲಿಲ್ಲ’, ‘ಅವನ ಅದೃಷ್ಟ’. ಡೆಮೊ ಬೇರೆಯೇ ಕತೆ ಹೇಳಿತು. ಹದಿನೆಂಟು ಸಾವುಗಳಲ್ಲಿ ಏಳು, ರ‍್ಯಾಂಪ್ ಕಡೆ ಇಣುಕಿ ಒಬ್ಬನನ್ನು ಹೊಡೆದ ನಂತರ ಎರಡು ಸೆಕೆಂಡಿನೊಳಗೆ ಅದೇ ಜಾಗದಿಂದ ಮತ್ತೆ ಇಣುಕಿದಾಗ ಆದವು. ಸತ್ತವನ ಹಿಂದೆ ಬರುತ್ತಿದ್ದವನಿಗೆ ನಾನು ಎಲ್ಲಿದ್ದೇನೆಂದು ಆಗಲೇ ತಿಳಿದಿತ್ತು. ಇದನ್ನು ನನಗೆ ಯಾರಾದರೂ ಬಾಯಿಮಾತಿನಲ್ಲಿ ಹೇಳಿದ್ದರೆ ನಾನು ಖಂಡಿತ ಜಗಳಕ್ಕೆ ನಿಲ್ಲುತ್ತಿದ್ದೆ.

ಮಂದ್ರಸ್ಥಾಯಿ ಉತ್ತರ:

ಹಳೇ ಸೈಬರ್ ಅವರು ಹೇಳಿದ್ದರಲ್ಲಿ ಹೆಚ್ಚಿನದನ್ನು ಒಪ್ಪುತ್ತೇನೆ, ಆದರೆ ಸಾವುಗಳನ್ನು ಮಾತ್ರ ನೋಡಿದರೆ ಸಾಕೆಂಬುದನ್ನು ಒಪ್ಪಲಾರೆ. ನಾನು ನನ್ನ ಅತಿ ದೊಡ್ಡ ತಪ್ಪನ್ನು ಕಂಡುಕೊಂಡದ್ದು 13–5ರಲ್ಲಿ ಗೆದ್ದ ಪಂದ್ಯವೊಂದರಲ್ಲಿ, ಅದೂ ಯಾರೂ ಸಾಯದೆ ಇರುವ ಹೊತ್ತಿನಲ್ಲಿ, ಎಂದರೆ ಸುತ್ತು ಶುರುವಾಗುವ ಮುನ್ನ ಆಯುಧ ಕೊಳ್ಳುವಾಗ. ಸತತವಾಗಿ ಸೋತಂತೆ, ಸುತ್ತು ಸೋತ ತಂಡದ ಪ್ರತಿ ಆಟಗಾರನಿಗೆ ಆಟ ಕೊಡುವ ಸೋಲಿನ ಹಣ 1,400ರಿಂದ 3,400ರವರೆಗೆ ಏರುತ್ತದೆ ಎಂಬ ಲೆಕ್ಕ ನನಗೆ ಗೊತ್ತೇ ಇತ್ತು. ಹಾಗಿದ್ದರೂ ನಾಲ್ವರು ಹಣ ಉಳಿಸುತ್ತಿದ್ದಾಗ ನಾನೊಬ್ಬಳೇ 2,700 ಸುರಿದು ಎಕೆ-47 ಕೊಂಡು, ಮೊದಲು ನುಗ್ಗಿ, ಆ ಬಂದೂಕನ್ನು ಎದುರಾಳಿಯ ಕೈಗೆ ಉಡುಗೊರೆಯಾಗಿ ಕೊಟ್ಟು ಬರುತ್ತಿದ್ದೆ. ಮುಂದಿನ ಸುತ್ತಿನಲ್ಲಿ ಎಲ್ಲರೂ ಕೊಳ್ಳುವಾಗ ನನ್ನ ಬಳಿ ಕವಚಕ್ಕೂ ಕಾಸಿರುತ್ತಿರಲಿಲ್ಲ. ಗೆಲ್ಲುತ್ತಿದ್ದುದರಿಂದ ಅದು ಯಾರ ಕಣ್ಣಿಗೂ ಬೀಳಲಿಲ್ಲ.

ಎರಡನೆಯ ಮಾತು ಧ್ವನಿಯ ಕುರಿತು. ಒಬಿಎಸ್‌ನಲ್ಲಿ ಆರು ಧ್ವನಿ ಟ್ರ್ಯಾಕ್‌ಗಳವರೆಗೆ ಬೇರೆ ಬೇರೆಯಾಗಿ ಉಳಿಸಬಹುದು; ಆಟದ ಸದ್ದನ್ನು ಒಂದರಲ್ಲಿ, ನಿಮ್ಮ ಮೈಕನ್ನು ಇನ್ನೊಂದರಲ್ಲಿ ಇಡಿ. ನಾನು ಸಂಗೀತ ಕಲಿಯುವವಳು. ಹಾಡಿದ್ದನ್ನು ಮಾರನೆಯ ದಿನ ಕೇಳಿಸಿಕೊಂಡಾಗ, ಹಾಡುವಾಗ ಕಿವಿಗೆ ಬಾರದ ಶ್ರುತಿದೋಷ ಎದ್ದು ಕೇಳುತ್ತದೆಂಬುದು ನನಗೆ ಹೊಸದಲ್ಲ. ಆದರೂ ಮೈಕಿನ ಟ್ರ್ಯಾಕ್ ಒಂದನ್ನೇ ಕೇಳಿದ ದಿನ ಮುಖ ಬಿಸಿಯಾಯಿತು. ಜೊತೆಗಾರರಿಗೆ ಎದುರಾಳಿ ಎಲ್ಲಿದ್ದಾನೆ, ಅವನಿಗೆ ಎಷ್ಟು ಪೆಟ್ಟು ಬಿದ್ದಿದೆ ಎಂದು ಹೇಳುವ ಬದಲು ನಾನು ಸತ್ತ ಮೇಲೆ ಐದಾರು ಸೆಕೆಂಡು ನನ್ನ ಸಾವಿನ ಸಮರ್ಥನೆಯನ್ನೇ ಮಾಡುತ್ತಿದ್ದೆ, ಅಷ್ಟರಲ್ಲಿ ಬದುಕಿದ್ದವನಿಗೆ ಹೆಜ್ಜೆ ಸಪ್ಪಳ ಕೇಳದಂತೆ ಮಾಡುತ್ತಿದ್ದೆ. ಗೆಳೆಯರ ಧ್ವನಿಯೂ ಉಳಿಯುವುದಾದರೆ ಅವರಿಗೆ ಮೊದಲೇ ಹೇಳಿ ಒಪ್ಪಿಗೆ ಪಡೆಯಿರಿ. ಅದು ಮರ್ಯಾದೆ.

ಕುರಿ ಹುಡುಕುವವನು ಉತ್ತರ:

ನಾನು ಗುಂಡಿನ ಆಟಗಳನ್ನು ಆಡುವವನಲ್ಲ, ಊರು ಕಟ್ಟಿ, ಸೈನ್ಯ ಬೆಳೆಸಿ ಯುದ್ಧ ಮಾಡುವ ಏಜ್ ಆಫ್ ಎಂಪೈರ್ಸ್ 2ರ ಡೆಫಿನಿಟಿವ್ ಎಡಿಷನ್ ಆಡುತ್ತೇನೆ; ಆದರೂ ಒಂದು ಮಾತು ಇಲ್ಲಿ ಉಪಯೋಗಕ್ಕೆ ಬರಬಹುದೆಂದು ಬರೆಯುತ್ತಿದ್ದೇನೆ. ನಮ್ಮ ಆಟದ ರೆಕಾರ್ಡಿಂಗ್‌ನಲ್ಲಿ ಇರುವುದು ಆಟಗಾರರು ಕೊಟ್ಟ ಆಜ್ಞೆಗಳು ಮಾತ್ರ. ಅದನ್ನು ತೆರೆದಾಗ ಕಂಪ್ಯೂಟರ್ ಆ ಆಜ್ಞೆಗಳನ್ನೇ ಮತ್ತೆ ಪಾಲಿಸುತ್ತಾ ಇಡೀ ಯುದ್ಧವನ್ನು ಮೊದಲಿನಿಂದ ಆಡಿ ತೋರಿಸುತ್ತದೆ. ಹಾಗಾಗಿ ಒಂದು ಗಂಟೆಯ ಪಂದ್ಯವೂ ಚಿಕ್ಕ ಕಡತದಲ್ಲಿ ಹಿಡಿಯುತ್ತದೆ. ಆದರೆ ಅಪ್‌ಡೇಟ್ ಬಂದು ಆಟದ ನಿಯಮ ಒಂದಿಷ್ಟು ಬದಲಾದರೂ ಹಳೆಯ ಆಜ್ಞೆಗಳು ಹೊಸ ಲೋಕದಲ್ಲಿ ದಿಕ್ಕುತಪ್ಪುವುದರಿಂದ ಹಳೆಯ ರೆಕಾರ್ಡಿಂಗ್ ಕೆಲಸಕ್ಕೆ ಬಾರದಾಗುತ್ತದೆ. ಕೌಂಟರ್-ಸ್ಟ್ರೈಕ್‌ನ ಡೆಮೊಗಳ ರಚನೆ ಬೇರೆಯಾದರೂ ಅಲ್ಲಿಯೂ ದೊಡ್ಡ ಅಪ್‌ಡೇಟ್‌ಗಳ ನಂತರ ಹಳೆಯವು ತೆರೆಯದೆ ಹೋಗುವುದುಂಟು. ಆದ್ದರಿಂದ ಮುಂದೆ ಎಂದಾದರೂ ನೋಡೋಣವೆಂದು 23 ಪಂದ್ಯಗಳನ್ನು ಕೂಡಿಡುವುದರಲ್ಲಿ ಅರ್ಥವಿಲ್ಲ, ಆಡಿದ ಮರುದಿನವೇ ನೋಡಿ.

ಇನ್ನೊಂದು, ಎಣಿಸಲು ಬರುವ ಒಂದೇ ಒಂದು ಸಂಗತಿಯನ್ನು ಹಿಡಿದುಕೊಂಡು ನೋಡಿ. ನಮ್ಮ ಆಟದಲ್ಲಿ ಒಬ್ಬ ಹಳ್ಳಿಗನನ್ನು ತಯಾರಿಸಲು ಊರಿನ ಮುಖ್ಯ ಕಟ್ಟಡವಾದ ಟೌನ್ ಸೆಂಟರ್‌ಗೆ 25 ಸೆಕೆಂಡು ಬೇಕು. ಅದು ಒಟ್ಟು ಎರಡು ನಿಮಿಷ ಸುಮ್ಮನೆ ಕೂತಿದ್ದರೆ ಸುಮಾರು ಐವರು ಹಳ್ಳಿಗರು ಹುಟ್ಟಲೇ ಇಲ್ಲವೆಂದು ಲೆಕ್ಕ, ಆ ಐವರು ಕಡಿಯಬೇಕಾಗಿದ್ದ ಮರ, ಬೆಳೆಯಬೇಕಾಗಿದ್ದ ಧಾನ್ಯ ಎಲ್ಲವೂ ಹೋದವು. ತಂತ್ರ ಸರಿಯಿತ್ತೋ ಇಲ್ಲವೋ ಎಂದು ನಾನು ವರ್ಷಗಟ್ಟಲೆ ವಾದ ಮಾಡಿದ್ದೇನೆ. ರೆಕಾರ್ಡಿಂಗ್ ನೋಡುತ್ತಾ ಟೌನ್ ಸೆಂಟರ್ ಸುಮ್ಮನಿದ್ದ ಸೆಕೆಂಡುಗಳನ್ನಷ್ಟೇ ಕಾಗದದ ಮೇಲೆ ಕೂಡಿದ ಮೇಲೆ ಆ ವಾದ ಮುಗಿಯಿತು.

ತುಂಗಾತೀರ ಮತ್ತೆ ಬರೆದದ್ದು, ನಾಲ್ಕು ದಿನಗಳ ನಂತರ:

ಮೂವರಿಗೂ ಧನ್ಯವಾದಗಳು. ಹಳೆಯ ವಿಡಿಯೊಗಳನ್ನೆಲ್ಲ ಅಳಿಸಿದೆ. ಎನ್‌ವಿಎನ್‌ಸಿಗೆ ಬದಲಾಯಿಸಿದ ಮೇಲೆ ಆಟ ತಡವರಿಸುವುದೂ ನಿಂತಿದೆ. ಮೊನ್ನೆ ಇನ್‌ಫರ್ನೊದಲ್ಲಿ 9–13ರಿಂದ ಸೋತ ಪಂದ್ಯದ ಡೆಮೊವನ್ನು ಎಕ್ಸ್-ರೇ ಆಫ್ ಮಾಡಿ ನೋಡಿದೆ. ಒಟ್ಟು ಹದಿನಾರು ಸಲ ಸತ್ತಿದ್ದೇನೆ. ಅವುಗಳಲ್ಲಿ ಆರು, ನನ್ನ ಅತ್ಯಂತ ಹತ್ತಿರದ ಜೊತೆಗಾರ ಮ್ಯಾಪ್‌ನ ಇನ್ನೊಂದು ಬದಿಯಲ್ಲಿ ಇದ್ದಾಗ, ಎಂದರೆ ನಾನು ಸತ್ತರೆ ತಿರುಗಿ ಹೊಡೆಯಲು ಯಾರೂ ಇಲ್ಲದಿದ್ದಾಗ ಆಗಿವೆ. ನೆನಪಿನಿಂದ ಬರೆದ ಪಟ್ಟಿಯಲ್ಲಿ ಆ ಆರಕ್ಕೂ ‘ತಂಡದವರು ಸಹಾಯಕ್ಕೆ ಬರಲಿಲ್ಲ’ ಎಂದು ನಾನೇ ಬರೆದಿದ್ದೆ. ವಿಡಿಯೊದಲ್ಲಿ ನನ್ನ ಮೈಕ್ ಕೇಳಿದೆ. ಆ ಆರು ಸಲದಲ್ಲಿ ಒಮ್ಮೆಯೂ ನಾನು ಎಲ್ಲಿಗೆ ಹೋಗುತ್ತಿದ್ದೇನೆಂದು ಬಾಯಿಬಿಟ್ಟಿಲ್ಲ.

ಹಳೇ ಸೈಬರ್ ಉತ್ತರ:

ಇದೇ ಬೇಕಾಗಿದ್ದದ್ದು. ಆ ಆರು ಸುತ್ತುಗಳನ್ನು ಇನ್ನೊಮ್ಮೆ ತೆರೆದು, ನೀವು ಒಂಟಿಯಾಗಿ ಹೊರಟ ಗಳಿಗೆಯಲ್ಲಿ ಬಾಂಬ್ ಯಾರ ಬೆನ್ನ ಮೇಲಿತ್ತು, ಗಡಿಯಾರದಲ್ಲಿ ಎಷ್ಟು ಸೆಕೆಂಡು ಉಳಿದಿತ್ತು ಎಂದು ಪಕ್ಕದಲ್ಲಿ ಬರೆದು ಇಲ್ಲಿ ಹಾಕಿ.