ರೈನೋದಲ್ಲಿ 6.8 ಗ್ರಾಂ, ಎರಕದಲ್ಲಿ 5.6: ಈ ಸಾಫ್ಟ್‌ವೇರ್ ಕೊಳ್ಳಬಹುದಾ?

ಕುಲುಮೆ_ಹುಡುಗ: ಅಪ್ಪನ ಚಿನ್ನದ ಕೆಲಸಕ್ಕೆ ಕ್ಯಾಡ್ (ಕಂಪ್ಯೂಟರಿನಲ್ಲಿ ಒಡವೆಯ ವಿನ್ಯಾಸ) ಸೇರಿಸೋಣ ಅಂತ ರೈನೋ ಅನ್ನೋ 3ಡಿ ಸಾಫ್ಟ್‌ವೇರಿನ 90 ದಿನದ ಟ್ರಯಲ್ ಹಾಕಿಕೊಂಡಿದ್ದೇನೆ. ಒಂಟಿ ಹರಳಿನ ಗಂಡಸರ ಉಂಗುರ ಮಾಡಿದೆ. ವಾಲ್ಯೂಮ್ ಕಮಾಂಡ್ 352 ಘನ ಮಿ.ಮೀ. ತೋರಿಸಿತು. ಚಿನ್ನದ ಸಾಂದ್ರತೆ 19.3 ಹಿಡಿದರೆ 6.8 ಗ್ರಾಂ. 22 ಕ್ಯಾರೆಟ್‌ನಲ್ಲಿ ಎರಕ ಹೊಯ್ಸಿ, ಸ್ಪ್ರೂ (ಲೋಹ ಹರಿದು ಬರುವ ಕಡ್ಡಿ) ಕತ್ತರಿಸಿ ತೂಗಿದರೆ 5.6! ಗಿರಾಕಿಗೆ ತೂಕ ಮೊದಲೇ ಹೇಳಬೇಕಲ್ಲ. ರೈನೋ ಬಿಟ್ಟು ಬ್ಲೆಂಡರ್ ಅನ್ನೋ ಇನ್ನೊಂದು 3ಡಿ ಸಾಫ್ಟ್‌ವೇರ್ ಹಿಡಿಯಲಾ?

ಮೇಣದಚ್ಚು: ತಮ್ಮಾ, 19.3 ಅಪರಂಜಿಯದ್ದು. 22 ಕ್ಯಾರೆಟ್‌ಗೆ 17.7ರ ಆಸುಪಾಸು, ಬೆರೆಸಿದ ಬೆಳ್ಳಿ-ತಾಮ್ರ ನೋಡಿಕೊಂಡು ತುಸು ಆಚೀಚೆ. ಅಲ್ಲಿಗೆ 6.2 ಆಯ್ತು. ಉಳಿದ 600 ಮಿಲಿಗ್ರಾಂ ಎಲ್ಲಿ? ಹರಳಿನ ಮನೆಯನ್ನ ರಿಂಗಿನೊಳಗೆ ಸುಮ್ಮನೆ ತೂರಿಸಿಟ್ಟಿದ್ದೀಯಾ? ಬೂಲಿಯನ್ ಯೂನಿಯನ್ (ಎರಡು ಆಕಾರ ಬೆಸೆದು ಒಂದೇ ಮಾಡೋದು) ಮಾಡದಿದ್ದರೆ ಒಳಗೆ ಹೊಕ್ಕ ಭಾಗ ಲೆಕ್ಕಕ್ಕೆ ಎರಡು ಸಲ ಬರುತ್ತೆ. ಎರಕಕ್ಕೆ ಅಚ್ಚು ತೆಗೆಯುವ 3ಡಿ ಪ್ರಿಂಟರಿನ ಸ್ಲೈಸರ್ (ಮಾದರಿಯನ್ನ ಪದರ ಪದರವಾಗಿ ಸೀಳುವ ಸಾಫ್ಟ್‌ವೇರ್) ಅದನ್ನ ಸಾಮಾನ್ಯವಾಗಿ ಒಂದೇ ಮಾಡಿಬಿಡುತ್ತೆ, ಹಾಗಾಗಿ ಎರಕದಲ್ಲಿ ಗೊತ್ತಾಗಲ್ಲ.

ಕುಲುಮೆ_ಹುಡುಗ: ಹೌದಣ್ಣ, ಬರೀ ತೂರಿಸಿದ್ದೆ. ಈಗ ಯೂನಿಯನ್ ಕೊಟ್ಟರೆ ಫೇಲ್ ಅಂತಿದೆ.

ಮೇಣದಚ್ಚು: ಎರಡರ ಮೈ ಎಲ್ಲೋ ಒಂದು ಕಡೆ ಸಮಸಮ ಒರಸಿಕೊಂಡಿರುತ್ತೆ. ಅಂಥ ಕಡೆ ರೈನೋಗೆ ಎಲ್ಲಿ ಕತ್ತರಿಸಬೇಕು ಅಂತ ತಿಳಿಯಲ್ಲ. ಮನೆಯನ್ನ 0.1 ಮಿ.ಮೀ. ಒಳಕ್ಕೆ ಸರಿಸಿ ನೋಡು. ಆಗಲೂ ಆಗದಿದ್ದರೆ ಶೋ ಎಡ್ಜಸ್ ಕಮಾಂಡ್ ಕೊಟ್ಟು ನೇಕೆಡ್ ಎಡ್ಜ್ (ಪಕ್ಕದ ಮೈಗೆ ಕೂಡಿಕೊಳ್ಳದ ಅಂಚು) ಹುಡುಕು. ಒಂದಿದ್ದರೂ ಅದು ಘನವಲ್ಲ, ಬರೀ ಸಿಪ್ಪೆ.

ಕುಲುಮೆ_ಹುಡುಗ: ಸರಿಸಿದ ಕೂಡಲೇ ಕೂಡಿಕೊಂಡಿತು. 318 ಘನ ಮಿ.ಮೀ., ಅಂದರೆ 5.63 ಗ್ರಾಂ. ಅಪ್ಪನ ಮುಖದಲ್ಲೂ ಸ್ವಲ್ಪ ನಂಬಿಕೆ ಬಂತು.

ಹರಳು_ಕಟ್ಟುವವ: ಬ್ಲೆಂಡರ್‌ಗೆ ಹೋಗಿದ್ದರೂ ಇದೇ ಕಥೆ. ಅದು ಪುಕ್ಕಟೆ, ಜ್ಯುವೆಲ್‌ಕ್ರಾಫ್ಟ್ ಆಡ್-ಆನ್ ಹಾಕಿದರೆ ಲೋಹದ ತೂಕವನ್ನೂ ಹೇಳುತ್ತೆ. ಲಕ್ಷ್ಮಿ ಪದಕದಂಥ ಉಬ್ಬುಕೆಲಸಕ್ಕೆ ನನ್ನ ಮಟ್ಟಿಗೆ ಬ್ಲೆಂಡರೇ ಸೈ, ಅಳತೆಯ ಉಂಗುರಕ್ಕೆ ರೈನೋ. ರೆಂಡರ್ (ಕಂಪ್ಯೂಟರ್ ತೋರಿಸುವ ಒಡವೆಯ ಚಿತ್ರ) ಫಳಫಳ ಹೊಳೆಯಿತು ಅಂತ ಯಾವುದನ್ನೂ ಕೊಳ್ಳಬೇಡಿ. ಇದೇ ಉಂಗುರವನ್ನ 12ನೇ ಸೈಜಿನಿಂದ 20ಕ್ಕೆ ಏರಿಸಿ ನೋಡಿ. ಬರೀ ಸ್ಕೇಲ್ ಮಾಡಿದರೆ ಮನೆಯೂ ಹಿಗ್ಗಿ ಹರಳು ಅಲ್ಲಾಡುತ್ತೆ. ಮನೆ ಹಾಗೇ ಇಟ್ಟು ರಿಂಗ್ ಮಾತ್ರ ದೊಡ್ಡದು ಮಾಡಲು ನಿಮಗೆ ಎಷ್ಟು ಹೊತ್ತು ಹಿಡಿಯುತ್ತೆ ಅನ್ನೋದು ಮುಖ್ಯ. ರೈನೋ ಮೇಲೆ ಕಟ್ಟಿದ ಮ್ಯಾಟ್ರಿಕ್ಸ್‌ಗೋಲ್ಡ್‌ಗೆ ಜನ ದುಡ್ಡು ಸುರಿಯೋದು ಇಂಥ ಕೆಲಸಕ್ಕೇ. ಟ್ರಯಲ್ ಮುಗಿದ ಮೇಲೆ ರೈನೋದಲ್ಲಿ ಸೇವ್ ಆಗಲ್ಲ, ಅಷ್ಟರೊಳಗೆ ಮಾಡಿ ನೋಡಿ.